ಶೀಲ್ಡು ಗೆದ್ದ ಭಾಷಣ

"ಇನ್ನು ಭಾಷಣ!" ಕೈ ತೊಳೆದು ಬಂದವನೇ ಚಿತ್ತರಂಜನ ಶೆಟ್ಟಿ ಸಾರಿದ. "ಹೆಗ್ಡೆಯವರೇ, ಕೋರಿ ರೊಟ್ಟಿ ಎಲ್ಲರ ಮನೆಯಲ್ಲಿಯೂ ಸಿಗ್ತದೆ. ಇದು ಸಿಗುವುದು ಇಡೀ ಕಾವೂರಿನಲ್ಲಿ ನಮ್ಮಲ್ಲಿ ಮಾತ್ರ. ಸ್ವರ್ಣಾ, ಬಾ ಮಾರಾಯ್ತಿ, ಪಾತ್ರೆಗೀತ್ರೆ ಆಮೇಲೆ."

ಅವನ ಹೆಂಡತಿ ಸ್ವರ್ಣಲತಾ ಸೆರಗಿಗೆ ಕೈ ಒರೆಸುತ್ತ ಬಂದು ರೇಡಿಯೋ ಮೇಜಿನ ಪಕ್ಕ ನಿಂತಳು. ಅದು ಅವಳ ಜಾಗ. ಮದುವೆಯಾಗಿ ಆರು ವರ್ಷಗಳಲ್ಲಿ ಅಲ್ಲಿ ಎಷ್ಟು ಸಲ ನಿಂತಿದ್ದಳೋ ದೇವರಿಗೇ ಗೊತ್ತು. ಗಂಡನ ಸ್ನೇಹಿತರಿಗೆ, ಅವರ ಹೆಂಡಂದಿರಿಗೆ, ಒಮ್ಮೆ ಬೈಕಂಪಾಡಿಯ ಫ್ಯಾಕ್ಟರಿಗೆ ಮೆಷಿನು ಕೂರಿಸಲು ಬಂದಿದ್ದ ತಮಿಳು ಇಂಜಿನಿಯರಿಗೂ ಹೇಳಿದ್ದಾಗಿತ್ತು. ಆ ಪುಣ್ಯಾತ್ಮನಿಗೆ ಕನ್ನಡವೇ ಬರುತ್ತಿರಲಿಲ್ಲ, ಆದರೂ ಚಪ್ಪಾಳೆ ತಟ್ಟಿದ್ದ.

ಎಪ್ಪತ್ತೈದರಲ್ಲಿ, ಜಗತ್ತಿಗೆಲ್ಲ ಮಹಿಳಾ ವರ್ಷವೆಂದು ಡಂಗುರ ಹೊಡೆದ ಆ ವರ್ಷ, ಅಂತರ ಕಾಲೇಜು ಸ್ಪರ್ಧೆಯಲ್ಲಿ ಆ ಭಾಷಣ ಶೀಲ್ಡು ಗೆದ್ದಿತ್ತು. 'ಮಹಿಳೆ ಮತ್ತು ಸ್ವಾತಂತ್ರ್ಯ'. ಲೆಕ್ಚರರ್ ಬರೆದುಕೊಟ್ಟದ್ದಲ್ಲ, ಅವಳೇ ಕೂತು ಬರೆದದ್ದು. ಸಭೆಯಲ್ಲಿದ್ದ ಚಿತ್ತರಂಜನ ಮರುವಾರವೇ ಹೆಣ್ಣು ಕೇಳಲು ಜನ ಕಳಿಸಿದ. ಇಂಥ ಮಾತನ್ನು ಮೆಚ್ಚಿದವನು ಬೇರೆ ಗಂಡಸರ ಹಾಗಿರಲಾರ ಎಂದು ಅವಳು ಒಪ್ಪಿದಳು. ಹತ್ತೊಂಬತ್ತರ ಬುದ್ಧಿ, ಪಾಪ! ಅವನು ಮೋಸ ಮಾಡಿದನೆಂದು ಹೇಳುವ ಹಾಗೂ ಇಲ್ಲ. ಅವನಿಗೆ ಆ ಭಾಷಣ ಆಗಲೂ ಇಷ್ಟ, ಈಗಲೂ ಇಷ್ಟ.

ಮೊನ್ನೆ ಗುರುವಾರ ಬ್ಯಾಂಕಿನಿಂದ ಅವಳಿಗೊಂದು ಕಾಗದ ಬಂದಿತ್ತು. ತಾಯಿಮನೆಗೆ ಹೋಗಿದ್ದಾಗ ಯಾರಿಗೂ ಹೇಳದೆ ಕ್ಲಾರ್ಕ್ ಪರೀಕ್ಷೆ ಬರೆದು ಬಂದಿದ್ದಳು. ಪಾಸಾಗಿದ್ದಳು. ಸೋಮವಾರ ಬೆಳಿಗ್ಗೆ ಹತ್ತಕ್ಕೆ ಇಂಟರ್‌ವ್ಯೂ. ಚಿತ್ತರಂಜನ ಕಾಗದವನ್ನು ಎರಡು ಸಲ ಓದಿದ್ದ.

"ನಿನಗೆ ಇಲ್ಲಿ ಎಂತ ಕಡಿಮೆ ಉಂಟು? ಶೆಟ್ರ ಫ್ಯಾಕ್ಟರಿ ಮುಳುಗಿತು, ಹೆಂಡತಿಯನ್ನು ದುಡಿಲಿಕ್ಕೆ ಕಳಿಸ್ತಾರೆ ಅಂತ ಬೈಕಂಪಾಡಿ ಇಡೀ ಹೇಳುದಿಲ್ಲವಾ?"

"ಯಾರೋ ಹೇಳ್ತಾರೆ ಅಂತ ನಾನು ಸಾಯುವವರೆಗೆ ಅಡುಗೆಕೋಣೆಯಲ್ಲಿ ಇರ್ಬೇಕಾ?" ಎಂದು ಕೇಳಿದ್ದಳು. ಅವನು ಬೈಯಲಿಲ್ಲ, ಹೊಡೆಯಲಿಲ್ಲ. ಕಾಗದವನ್ನು ಮಡಚಿ ಕಿಸೆಗೆ ಹಾಕಿಕೊಂಡು ಫ್ಯಾಕ್ಟರಿಗೆ ಹೋಗಿ ಅಲ್ಲಿಯ ಡ್ರಾಯರಿನಲ್ಲಿಟ್ಟು ಬೀಗ ಹಾಕಿದ. ಮಾತು ಅಲ್ಲಿಗೆ ಮುಗಿಯಿತು.

ಈಗ ಎದುರಿಗೆ ಸೋಫಾದಲ್ಲಿ ಹಲ್ಲಿಗೆ ಕಡ್ಡಿ ಹಾಕುತ್ತ ಕೂತಿದ್ದ ಗುಣಪಾಲ ಹೆಗ್ಡೆ ಅದೇ ಬ್ಯಾಂಕಿನ ದೊಡ್ಡ ಆಫೀಸರು. ನಾಳೆ ಇಂಟರ್‌ವ್ಯೂ ಮಾಡುವವರಲ್ಲಿ ಒಬ್ಬ. ಅವನನ್ನೇ ಊಟಕ್ಕೆ ಕರೆದು, ಅವನೆದುರಿಗೇ ಅವಳನ್ನು ನಿಲ್ಲಿಸಲು ಚಿತ್ತರಂಜನನಿಗೆ ಒಂದಿಷ್ಟೂ ಅಳುಕಾಗಲಿಲ್ಲ. ಹೆಂಡತಿಯ ಮೇಲೆ ಅಷ್ಟು ನಂಬಿಕೆ!

ಸ್ವರ್ಣಲತಾ ಶುರುಮಾಡಿದಳು. "ಹೆಣ್ಣಿಗೆ ಸ್ವಾತಂತ್ರ್ಯವನ್ನು ಯಾರೂ ದಾನ ಕೊಡಬೇಕಾಗಿಲ್ಲ. ಅದು ಅವಳದೇ. ಕಸಿದುಕೊಂಡವರು ಹಿಂದಕ್ಕೆ ಕೊಟ್ಟರೆ ಸಾಕು. ನನ್ನ ಅನ್ನ ನನ್ನ ದುಡಿಮೆಯದು, ನನ್ನ ದಾರಿ ನನ್ನ ಆಯ್ಕೆಯದು ಎಂದು ಹೇಳುವ ಧೈರ್ಯ ಬಂದ ದಿನವೇ ನಮ್ಮ ಆಗಸ್ಟ್ ಹದಿನೈದು!" ಹೆಗ್ಡೆಯ ಹೆಂಡತಿ ಕುಶಲಾ "ನೋಡಿ, ನನಗೆ ಮೈ ಜುಮ್ಮಂತು" ಎಂದು ತೋಳು ತೋರಿಸಿದಳು. ಚಿತ್ತರಂಜನ ಚಪ್ಪಾಳೆಗೆ ಕೈ ಎತ್ತಿದ.

"ಇನ್ನೂ ಮುಗಿಲಿಲ್ಲ," ಎಂದಳು ಸ್ವರ್ಣಲತಾ. "ನಾಳೆ ಹತ್ತು ಗಂಟೆಗೆ ನಿಮ್ಮ ಬ್ಯಾಂಕಿನಲ್ಲಿ ನನಗೆ ಇಂಟರ್‌ವ್ಯೂ ಉಂಟು. ಕಾಗದವನ್ನು ಇವರು ಫ್ಯಾಕ್ಟರಿಯ ಡ್ರಾಯರಿನಲ್ಲಿ ಹಾಕಿ ಬೀಗ ಹಾಕಿದ್ದಾರೆ. ಕಾಗದ ಇಲ್ಲದೆ ಬಂದರೆ ಒಳಗೆ ಬಿಡ್ತೀರಾ?"

ಹೆಗ್ಡೆ ಹೊಟ್ಟೆ ಕುಲುಕಿಸಿ ನಗಲು ಶುರುಮಾಡಿದ. ಕುಶಲಾ ನಕ್ಕು ನಕ್ಕು ಕಣ್ಣೊರೆಸಿಕೊಂಡಳು. "ಶೆಟ್ರೇ, ನಿಮ್ಮನ್ನು ನಿಮ್ಮ ಮನೆಯಲ್ಲೇ ಆರೋಪಿ ಮಾಡಿದರಲ್ಲ!"

"ಎಂತ ಮಾಡುದು ಹೇಳಿ," ಚಿತ್ತರಂಜನನೂ ಜೋರಾಗಿ ನಕ್ಕ. "ನಾಟಕ ಮಾಡ್ಲಿಕ್ಕೂ ಬರ್ತದೆ ಇವಳಿಗೆ." ಅವರು ಹೋದ ಮೇಲೆಯೂ ಅವನು ಸಿಟ್ಟು ಮಾಡಲಿಲ್ಲ. "ಕೊನೆಯದು ಲಾಯ್ಕಾಯ್ತು. ಇನ್ನು ಮೇಲೆ ಅದನ್ನೂ ಸೇರಿಸಿ ಹೇಳು," ಎಂದು ಮಲಗಿ ಗೊರಕೆ ಹೊಡೆದ. ಅವನ ತಲೆಯ ಮೇಲೆ ಆ ರೇಡಿಯೋ ಎತ್ತಿಹಾಕಬೇಕೆನ್ನುವಷ್ಟು ಅವಳಿಗೆ ರೋಷ ಬಂತು. ಆದರೆ ಪಾತ್ರೆ ತೊಳೆದಳು.

ಸೋಮವಾರ ಅವನು ಫ್ಯಾಕ್ಟರಿಗೆ ಹೊರಟ ಮೇಲೆ ಅವಳು ಸಿಟಿ ಬಸ್ಸು ಹತ್ತಿದಳು. ಬ್ಯಾಂಕಿನ ಪ್ಯೂನ್ ಶೀನಪ್ಪ ಕಾಗದ ಕೇಳಿದ, ಇಲ್ಲವೆಂದಾಗ ಪಟ್ಟಿಯಲ್ಲಿ ಹೆಸರು ಹುಡುಕಿ "ಉಂಟು ಉಂಟು, ಕೂತ್ಕೊಳ್ಳಿ" ಎಂದ. ಇಷ್ಟು ಸುಲಭವಾ ಎಂದು ಅವಳಿಗೆ ಅಳು ಬರುವ ಹಾಗಾಯಿತು.

ಒಳಗೆ ಮೂವರಿದ್ದರು. ನಡುವೆ ಗುಣಪಾಲ ಹೆಗ್ಡೆ. "ಅರೆ! ಹಾಗಾದ್ರೆ ನಿನ್ನೆ ಹೇಳಿದ್ದು ನಿಜವಾ?" ಎಂದು ನೆಟ್ಟಗೆ ಕೂತ. "ಶೆಟ್ರಿಗೆ ಗೊತ್ತುಂಟಾ ನೀವು ಬಂದದ್ದು?"

"ಇಲ್ಲ. ಕೆಲಸ ನನಗೆ ಬೇಕಾದದ್ದು ಸರ್, ಅವರಿಗಲ್ಲ."

ಮೂವರೂ ಸರದಿಯಲ್ಲಿ ಪ್ರಶ್ನೆ ಶುರುಮಾಡಿದರು. ಗಂಡನಿಗೆ ಎಂತ ಬಿಸಿನೆಸ್ಸು, ಎಷ್ಟು ಜನ ಕೆಲಸಕ್ಕುಂಟು, ಟ್ರಾನ್ಸ್‌ಫರ್ ಆದರೆ ಗಂಡ ಬಿಡ್ತಾರಾ, ಮಕ್ಕಳಾದರೆ ಎಂತ ಮಾಡ್ತೀರಿ. ಅವಳು ಓದಿಕೊಂಡು ಹೋಗಿದ್ದ ಒಂದೇ ಒಂದು ಪ್ರಶ್ನೆಯನ್ನೂ ಯಾರೂ ಕೇಳಲಿಲ್ಲ. ಕೊನೆಗೆ ಹೆಗ್ಡೆ ಉಳಿದಿಬ್ಬರತ್ತ ತಿರುಗಿ "ನೀವು ಇವರ ಭಾಷಣ ಕೇಳಬೇಕು" ಎಂದ. "ಅದೊಂದು ಹೇಳಿಬಿಡಿ ಅಮ್ಮ."

ಅವಳು ಎದ್ದು ಹೋಗಬಹುದಿತ್ತು. ಆದರೆ ಕೆಲಸ ಬೇಕಿತ್ತು, ಬಹಳ ಬೇಕಿತ್ತು. ಇದೊಂದು ಹೇಳಿದರೆ ಸಿಕ್ಕಿಬಿಟ್ಟರೆ! ಎದ್ದು ನಿಂತು ಹೇಳಿದಳು. ಶೀಲ್ಡು ಗೆದ್ದ ದಿನವೂ ಅಷ್ಟು ಚೆನ್ನಾಗಿ ಹೇಳಿರಲಿಲ್ಲ. ಮೂವರೂ ಚಪ್ಪಾಳೆ ತಟ್ಟಿದರು.

"ಒಳ್ಳೆ ವಿಚಾರ," ಎಂದರು ವಯಸ್ಸಾದವರೊಬ್ಬರು, ಮನಸಾರೆ. "ನಿಮ್ಮಂಥವರು ಸಮಾಜಕ್ಕೆ ಬೇಕು. ಈ ಕ್ಲಾರ್ಕ್ ಕೆಲಸ ಎಲ್ಲ ಕಷ್ಟದಲ್ಲಿ ಇರುವವರಿಗೆ ಬಿಡುವಾ, ಆಗದಾ? ನಿಮಗೆ ದೇವರು ಎಲ್ಲ ಕೊಟ್ಟಿದ್ದಾನೆ." ಹೆಗ್ಡೆ ಅಷ್ಟರಲ್ಲಿ ಫೋನಿನ ರಿಸೀವರ್ ಎತ್ತಿದ್ದ. "ಬಿಸಿಲಿಗೆ ಬಸ್ಸಿನಲ್ಲಿ ಯಾಕೆ? ಶೆಟ್ರಿಗೆ ಹೇಳ್ತೇನೆ, ಕಾರು ತರ್ತಾರೆ."

ಹೊರಗೆ ಬೆಂಚಿನಲ್ಲಿ ಒಂದು ಹುಡುಗಿ ಸರ್ಟಿಫಿಕೇಟಿನ ಕಟ್ಟನ್ನು ಎದೆಗವಚಿಕೊಂಡು ಕೂತಿತ್ತು. ಜೋನ್ ಅಂತ ಹೆಸರು, ಶಕ್ತಿನಗರದಿಂದ ಬಂದದ್ದು. ಮುಂದಿನ ಸರದಿ ಅವಳದು.

"ಒಳಗೆ ಎಂತ ಕೇಳ್ತಾರೆ ಅಕ್ಕಾ?"

"ಗಂಡ ಎಂತ ಮಾಡ್ತಾನೆ ಅಂತ."

"ಅಯ್ಯೋ, ನನಗೆ ಮದುವೆ ಆಗ್ಲಿಲ್ಲ."

"ಹಾಗಾದ್ರೆ ಅಪ್ಪ ಎಂತ ಮಾಡ್ತಾರೆ ಅಂತ ಕೇಳ್ತಾರೆ."

ಹುಡುಗಿಯ ಮುಖ ಸಣ್ಣದಾಯಿತು. "ಪಪ್ಪ ತೀರಿಹೋಗಿ ಮೂರು ವರ್ಷ ಆಯ್ತು. ಮಮ್ಮಿ ಮಾತ್ರ."

ಸ್ವರ್ಣಲತಾ ಅವಳನ್ನು ನೋಡಿದಳು. "ಹಾಗಾದ್ರೆ ನಿಮಗೆ ಸಿಗ್ತದೆ," ಎಂದಳು.

"ಹೌದಾ ಅಕ್ಕಾ? ನಿಮ್ಮ ಬಾಯಿಗೆ ಸಕ್ಕರೆ ಹಾಕ್ಬೇಕು!"

ತಂದೆಯಿಲ್ಲದ ಆ ಮಗುವಿನ ಮೇಲೆ ಸ್ವರ್ಣಲತಾಳಿಗೆ ಹೊಟ್ಟೆಕಿಚ್ಚಾಯಿತು. ಅಷ್ಟು ಕಿಚ್ಚು ಅವಳಿಗೆ ಯಾರ ಮೇಲೂ ಆದದ್ದಿರಲಿಲ್ಲ. ಥೂ, ನಾನೆಂಥವಳು ಎಂದು ನಾಚಿಕೆಯೂ ಆಯಿತು. ಶೀನಪ್ಪ ಹೆಸರು ಕೂಗಿದ. ಜೋನ್ ಅಂಗೈಯ ಬೆವರನ್ನು ಸೀರೆಗೆ ಒರೆಸಿಕೊಂಡು ಒಳಗೆ ಹೋದಳು. ಸ್ಪ್ರಿಂಗಿನ ಬಾಗಿಲು ಅವಳ ಹಿಂದೆ ಎರಡು ಸಲ ಆಚೀಚೆ ಆಡಿ ನಿಂತಿತು.