ಜಿಪ್ಪಕ್ಕ ಓಡಲಿಲ್ಲ

"ನಿಲ್ರೋ ಬೋಳಿಮಕ್ಕಳಾ! ಕೈ ಮುಗಿಯೋಕೆ ಬಂದಿದ್ದೀನಿ, ನಿಲ್ರೋ ಅಂದ್ರೆ!"

ಸಾಹೇಬ ಎರಡೂ ಕೈ ಜೋಡಿಸಿಕೊಂಡೇ ಓಣಿಯಲ್ಲಿ ಓಡುತ್ತಿದ್ದ. ಅವನ ಮುಂದೆ ಓಣಿಗೆ ಓಣಿಯೇ ಓಡುತ್ತಿತ್ತು. ಮೂಟೆ ಹೊರುವವರು ಮೂಟೆ ಬಿಸಾಕಿ ಓಡಿದರು. ನಲ್ಲಿಯ ಹತ್ತಿರ ಜಡೆ ಹಿಡಿದು ಜಗಳವಾಡುತ್ತಿದ್ದ ಇಬ್ಬರು ಒಬ್ಬರ ಜಡೆ ಒಬ್ಬರು ಬಿಡದೆಯೇ ಓಡಿದರು. ಕ್ಷೌರದಂಗಡಿಯಿಂದ ಅರ್ಧ ಗಡ್ಡದ ಗಿರಾಕಿ ಮುಂದೆ, ಕತ್ತಿ ಹಿಡಿದ ಕ್ಷೌರದವನು ಹಿಂದೆ. ಯಾರೂ ಏನೂ ಕದ್ದಿರಲಿಲ್ಲ. ಆ ದನಿ ಕೇಳಿದರೆ ಓಡುವುದು ಆ ಓಣಿಯವರ ಕಾಲಿಗೆ ಅಭ್ಯಾಸವಾಗಿತ್ತು. ಸಾಹೇಬ ಪೊಲೀಸ್ ಕೆಲಸದಿಂದ ನಿವೃತ್ತನಾಗಿದ್ದಾನೆಂದು, ನಗರಸಭೆ ಚುನಾವಣೆಗೆ ನಿಂತಿದ್ದಾನೆಂದು ಕಿವಿಗೆ ಗೊತ್ತಿತ್ತು. ಕಾಲಿಗೆ ಯಾರೂ ಹೇಳಿರಲಿಲ್ಲ.

"ಸಾರ್, ಬೈಬೇಡಿ ಸಾರ್. ಮತದಾರರು ಸಾರ್ ಅವರು," ಎಂದ ಪ್ರಚಾರ ನೋಡಿಕೊಳ್ಳುವ ಕನ್ನಡಕದವನು, ಏದುಸಿರು ಬಿಡುತ್ತಾ.

"ಬೈದ್ನಾ? ಕರೆದೆ ಕಣಯ್ಯಾ!"

ಓಣಿಯ ಬಾಯಲ್ಲಿ ಒಬ್ಬಳು ಮಾತ್ರ ಉಳಿದಿದ್ದಳು, ಜಿಪ್ಪಕ್ಕ. ಫುಟ್‌ಪಾತಿನ ಮೇಲೆ ಟಾರ್ಪಾಲಿನ ನೆರಳು, ಹಲಗೆಪೆಟ್ಟಿಗೆಯ ಮೇಲೆ ಕೈಯಲ್ಲಿ ತಿರುಗಿಸುವ ಹೊಲಿಗೆ ಮೆಷಿನ್ನು. ಪ್ಯಾಂಟಿಗೆ, ಬ್ಯಾಗಿಗೆ, ಸ್ವೆಟರಿಗೆ ಜಿಪ್ಪು ಹಾಕಿಕೊಟ್ಟು ಹಾಕಿಕೊಟ್ಟು ಅವಳಿಗೆ ಆ ಹೆಸರೇ ಅಂಟಿಬಿಟ್ಟಿತ್ತು. ಅವಳೂ ಓಡಲು ಸೊಂಟ ಎತ್ತಿದ್ದಳು. ಬಲಗಾಲು ಮಡಿಸಲಾಗಲಿಲ್ಲ, ಧೊಪ್ಪನೆ ಕೂತುಬಿಟ್ಟಳು. ಅದು ಇದೇ ಸಾಹೇಬನ ಕೈಕೆಲಸ. ಹಿಂದೊಮ್ಮೆ ಮಾರ್ಕೆಟ್ ರಸ್ತೆಯಿಂದ ಫುಟ್‌ಪಾತಿನವರನ್ನು ಎಬ್ಬಿಸುವಾಗ ಎಲ್ಲರೂ ಓಡಿದ್ದರು, ಅವಳು ಮಾತ್ರ ಮೆಷಿನ್ನನ್ನು ಮಗುವಿನ ಹಾಗೆ ತಬ್ಬಿಕೊಂಡು ನಿಂತಿದ್ದಳು. ಲಾಠಿ ಮಂಡಿಗೆ ಬಿತ್ತು. ಆಸ್ಪತ್ರೆಯವರು ಕಟ್ಟಿದರು, ಮೂಳೆ ಕೂಡಿತು, ಮಂಡಿ ಮಡಿಸುವುದನ್ನು ಮರೆಯಿತು.

"ಏನಮ್ಮಾ, ಎಲ್ಲಾ ಓಡಿದ್ರು, ನೀನೊಬ್ಳೇ ಓಡ್ಲಿಲ್ಲ. ಭಯ ಇಲ್ವಾ?"

ಅವನಿಗೆ ಅವಳ ಗುರುತೇ ಇರಲಿಲ್ಲ. "ಓಡಕ್ಕಾಗಲ್ಲ ಸಾಹೇಬ್ರೇ. ಮಂಡಿ…"

"ನೋಡಯ್ಯಾ! ಓಡಲ್ಲ ಅಂತಾಳೆ!"

ಕನ್ನಡಕದವನು ಫೋಟೋ ಹೊಡೆದೇಬಿಟ್ಟ. ಅವರು ಹೋದ ಮೇಲೆ ಎಪ್ಪತ್ತು ದಾಟಿದ ಅವಳ ಅತ್ತೆ ಚರಂಡಿಯ ಆಚೆಯಿಂದ ಸೀರೆ ಕೊಡವಿಕೊಂಡು ಎದ್ದು ಬಂದಳು.

"ಏನಂತೆ ಆ ಹಲ್ಕಟ್‌ಗೆ?"

"ಓಟು ಬೇಕಂತೆ."

"ಥೂ ಅವನ! ಓಟು ಕೇಳೋನು ಅಟ್ಟಿಸ್ಕೊಂಡು ಬಂದು ಕೇಳ್ತಾನೇನೇ?"

ವಾರದೊಳಗೆ ಗೋಡೆಗೋಡೆಗೂ ಜಿಪ್ಪಕ್ಕ. ಸಾಹೇಬನ ಮುಖಕ್ಕಿಂತ ಅವಳ ಮುಖವೇ ದೊಡ್ಡದು. ಕೆಳಗೆ ಕೆಂಪಕ್ಷರ: 'ನನಗಿಲ್ಲ ಭಯ, ಸಾಹೇಬರಿಗೇ ಜಯ.' ಚಿತ್ರವನ್ನು ಸೊಂಟಕ್ಕೇ ಕತ್ತರಿಸಿದ್ದರು. ಗಿರಾಕಿಗಳು ಪ್ಯಾಂಟು ಚಾಚಿ, "ಲೀಡರಮ್ಮಾ, ಮಾನ ಹೋಗ್ತಿದೆ, ಬೇಗ ಒಂದು ಜಿಪ್ಪು," ಎಂದು ಕಿಚಾಯಿಸಿದರು. ಅವಳು ಮೊದಮೊದಲು ಪೋಸ್ಟರಿಗೆ ಬೆನ್ನು ತಿರುಗಿಸಿ ಕೂರುತ್ತಿದ್ದಳು. ಆಮೇಲೆ ತಿರುಗಿದ ಕಡೆಯೆಲ್ಲ ಪೋಸ್ಟರೇ ಆಗಿ ಸುಮ್ಮನಾದಳು.

ಸಾಹೇಬ ಗೆದ್ದ. ಓಣಿಯ ಓಟೆಲ್ಲ ಅವನಿಗೇ. ಯಾರಿಗೆ ಹಾಕಿದರೆಂದು ಅವನಿಗೆ ತಿಳಿಯುತ್ತದೆ, ತಿಳಿಯದಿದ್ದರೂ ತಿಳಿದ ಹಾಗೆ ಹೊಡೆಯುತ್ತಾನೆ ಎಂಬುದು ಜನರ ಲೆಕ್ಕಾಚಾರ. ಮತಯಂತ್ರ ಕುಂಯ್ ಎಂದಾಗ ಅತ್ತೆ ಎರಡೂ ಕೈ ಮೇಲೆತ್ತಿ, "ಹಾಕ್ದೆ ಸಾಹೇಬ್ರೇ, ನಿಮ್ಗೇ ಹಾಕ್ದೆ," ಎಂದು ಯಂತ್ರಕ್ಕೇ ವರದಿ ಒಪ್ಪಿಸಿ ಬಂದಿದ್ದಳು.

ಗೆದ್ದವನು ಮಾಡಿದ ಮೊದಲ ಕೆಲಸಕ್ಕೆ ಇಟ್ಟ ಹೆಸರು 'ನಿರ್ಭಯ ನಗರ'. ಫುಟ್‌ಪಾತಿನ ಮೇಲೆ ನರಪಿಳ್ಳೆ ಕೂರಬಾರದು. ಲಾರಿ ಬಂತು. ಎಳೆಯ ಮೀಸೆಯ ಪೊಲೀಸಿನವನು ಜಿಪ್ಪಕ್ಕನ ಮುಖ ನೋಡಿದ, ಹಿಂದಿನ ಗೋಡೆ ನೋಡಿದ, ಹಿಮ್ಮಡಿ ಕೂಡಿಸಿ ಸೆಲ್ಯೂಟ್ ಹೊಡೆದ.

"ಅಕ್ಕಾ, ಆ ಪೋಸ್ಟರಿನವರು ನೀವೇ ಅಲ್ವಾ?"

"ಹೂಂ ಕಣಪ್ಪಾ."

ಅವನು ಮೆಷಿನ್ನನ್ನು ಎತ್ತಿ ಲಾರಿಗೆ ಹಾಕಿದ.

"ಸಲಾಮು ಹೊಡ್ದು ಹೊಟ್ಟೆಗೆ ಹೊಡೀತೀಯಲ್ಲೋ, ನಿನ್ನ ಕೈ ಸೇದೋಗ!"

"ಆರ್ಡರ್ ಅಕ್ಕಾ. ಅದೂ ಆರ್ಡರೇ, ಇದೂ ಆರ್ಡರೇ."

ಮೆಷಿನ್ನಿಗಾಗಿ ಅವಳು ನಗರಸಭೆಯ ಮೆಟ್ಟಿಲು ಹತ್ತಿದಳು. ಹತ್ತುವುದೆಂದರೆ ಒಂದು ಕಾಲು ಹತ್ತಿ, ಇನ್ನೊಂದನ್ನು ಕೈಯಿಂದ ಎತ್ತಿಟ್ಟುಕೊಳ್ಳುವುದು. ಬಾಗಿಲಲ್ಲಿದ್ದವನು, "ಭಯ ಇಲ್ದಿರೋರಿಗೆ ಶಿಫಾರಸು ಯಾಕಮ್ಮಾ?" ಎಂದು ಹಲ್ಲು ಕಿರಿದ. ಒಳಗೆ ಸಾಹೇಬ ಅವಳ ಮುಖವನ್ನು ದಿಟ್ಟಿಸಿ, "ಯಾವ ಕೇಸೇ ನಿಂದು?" ಎಂದ. ಕನ್ನಡಕದವನು ಕಿವಿಯಲ್ಲಿ ಉಸುರಿದ ಮೇಲೆ ಮುಖ ಅರಳಿತು.

"ಓಹೋ, ನೀನಾ! ದೊಡ್ಡ ಸಭೆ ಇದೆ. ರಾಜ್ಯದ ನಾಯಕರೇ ಬರ್ತಾರೆ, ನನ್ನನ್ನ ವಿಧಾನಸಭೆಗೆ ನಿಲ್ಲಿಸ್ತಾರೆ. ವೇದಿಕೆ ಮೇಲೆ ಒಂದೇ ಸಾಲು ಹೇಳ್ಬೇಕು. 'ನನಗಿಲ್ಲ ಭಯ.' ಹೇಳು ನೋಡೋಣ."

"ನನ್ ಮೆಷಿನ್ನು?"

"ಸಭೆ ಆಗ್ಲಿ. ಹೇಳೇ!"

"ನನಗಿಲ್ಲ ಭಯ," ಎಂದಳು, ನಡುಗುತ್ತಾ.

ಸಭೆಯ ಮೈದಾನದಲ್ಲಿ ಸಾಲುಸಾಲು ಪ್ಲಾಸ್ಟಿಕ್ ಕುರ್ಚಿ. ಲಾರಿಗಳಲ್ಲಿ ತಂದಿಳಿಸಿದ ಜನ ಉಸಿರು ಹಿಡಿದು ಕೂತಿದ್ದರು. ಮೊದಲ ಸಾಲಿನಲ್ಲಿ ಅತ್ತೆ. ವೇದಿಕೆಯ ಮೇಲೆ ಕೆಂಪು ಮಖಮಲ್ಲಿನ ಕುರ್ಚಿ ಎರಡೇ, ನಾಯಕರಿಗೊಂದು, ಸಾಹೇಬನಿಗೊಂದು. ಜಿಪ್ಪಕ್ಕನನ್ನು ಹಿಂದೆ ನಿಲ್ಲಿಸಿದ್ದರು. ಅವಳ ಬೆನ್ನಿಗೆ ಎರಡಂತಸ್ತಿನಷ್ಟು ಎತ್ತರದ ಅವಳದೇ ಮುಖ. ನಾಯಕರ ಭಾಷಣ ಹನುಮಂತನ ಬಾಲವಾಯಿತು. ಮಂಡಿಯೊಳಗೆ ಸೂಜಿ ಆಡತೊಡಗಿತು. ಸಾಹೇಬ ಎದ್ದು ಮೈಕಿಗೆ ಹೋದ. ಖಾಲಿ ಕುರ್ಚಿ ಅವಳ ಕಣ್ಣ ಮುಂದೆಯೇ ಇತ್ತು.

ಹೋಗಿ ಕೂತಳು.

ಅಷ್ಟು ಮೆತ್ತಗಿನದೊಂದು ಈ ಲೋಕದಲ್ಲಿದೆ ಎಂದು ಅವಳಿಗೆ ಗೊತ್ತೇ ಇರಲಿಲ್ಲ. ಬಲಗಾಲನ್ನು ನೀಟಾಗಿ ಮುಂದೆ ಚಾಚಿದಳು. ನಾಯಕರು ಇದೂ ಕಾರ್ಯಕ್ರಮದಲ್ಲೇ ಇದೆಯೆಂದುಕೊಂಡು ಅವಳಿಗೆ ಕೈ ಮುಗಿದರು.

ಸಾಹೇಬ ಮಾತು ಮುಗಿಸಿ, ಮೈಕು ಕೈಯಲ್ಲೇ ಹಿಡಿದು ತಿರುಗಿದ. ಮೈಕನ್ನು ಎದೆಗೊತ್ತಿಕೊಂಡು ಹಲ್ಲು ಕಚ್ಚಿ, "ಏಳಮ್ಮಾ," ಎಂದ.

"ಕಾಲು ಸೋತಿದೆ."

"ಏಳು ಅಂದೆ."

"ಮೆಷಿನ್ನು ತರ್ಸಿ. ಏಳ್ತೀನಿ."

ಅದು ತನ್ನದೇ ಬಾಯಿಂದ ಬಂದದ್ದೆಂದು ಅವಳಿಗೆ ನಂಬಿಕೆಯಾಗಲಿಲ್ಲ. ಹೇಳಿದ್ದಾಗಿತ್ತು, ಕುರ್ಚಿಯ ಕೈ ಬಿಗಿಯಾಗಿ ಹಿಡಿದಳು. ಮಹಿಳಾ ಪೊಲೀಸರಿಬ್ಬರು ಮೆಟ್ಟಿಲು ಹತ್ತಿ ಬಂದವರು ತಲೆಯೆತ್ತಿ ಪೋಸ್ಟರು ನೋಡಿ ಅಲ್ಲೇ ನಿಂತರು. ಇವಳನ್ನು ಎಳೆಯೋಣವೆಂದರೆ ಪೋಸ್ಟರಿನವಳು ಮೇಲಿನಿಂದ ನೋಡುತ್ತಿದ್ದಳು. ಸಾಹೇಬನ ಕತ್ತಿನ ನರ ಉಬ್ಬಿತು. ಮೈಕು ತಾನಾಗಿ ಲಾಠಿಯ ಹಾಗೆ ಮೇಲೆದ್ದು ಬಾಯಿಯ ಹತ್ತಿರ ಬಂತು.

"ಏಯ್ ಮುಂಡೇದೇ! ಎದ್ದೇಳೇ ಅಂದ್ರೆ! ಒದ್ದು ಎಬ್ಬಿಸ್ಲಾ?"

ಮೈದಾನದ ಧ್ವನಿವರ್ಧಕಗಳೆಲ್ಲ ಒಟ್ಟಿಗೇ ಕೂಗಿದವು.

ಕುರ್ಚಿಗಳು ಉರುಳಿದವು. ಮೈದಾನಕ್ಕೆ ಮೈದಾನವೇ ಎದ್ದು ಓಟ ಕಿತ್ತಿತು. ಅತ್ತೆ ಎಲ್ಲರಿಗಿಂತ ಮುಂದೆ. ವಾದ್ಯದವರು ಡೋಲು ಬಡಿದುಕೊಂಡೇ ಓಡಿದರು. ಕನ್ನಡಕದವನು ಕನ್ನಡಕ ಬಿಟ್ಟು ಓಡಿದ. ಏನಾಯಿತೆಂದು ಅರಿಯದ ಅಂಗರಕ್ಷಕರು ನಾಯಕರನ್ನು ಮೂಟೆಯಂತೆ ಹೊತ್ತು ಕಾರಿಗೆ ತುಂಬಿದರು, ಕಾರೂ ಓಡಿತು. ಆ ಮಹಿಳಾ ಪೊಲೀಸರು ಓಡುತ್ತಿದ್ದದ್ದು ಯಾರನ್ನೋ ಹಿಡಿಯಲೋ, ತಪ್ಪಿಸಿಕೊಳ್ಳಲೋ, ಅವರಿಗೇ ತಿಳಿಯದು.

ಧೂಳು ಇಳಿದಾಗ ವೇದಿಕೆಯ ಮೇಲೆ ಇಬ್ಬರೇ. ಸಾಹೇಬ ಖಾಲಿ ಕುರ್ಚಿಗಳನ್ನು ನೋಡಿದ. ಆಮೇಲೆ ಅವಳ ಕಾಲನ್ನು ನೋಡಿದ, ಮೊದಲ ಸಲ.

"ಇದೆಲ್ಲಿ ಆಯ್ತು?"

"ಮಾರ್ಕೆಟ್ ರೋಡಲ್ಲಿ. ನೀವೇ."

ಅವನು ಹುಬ್ಬು ಗಂಟಿಕ್ಕಿ ನೆನಪು ಮಾಡಿಕೊಳ್ಳಲು ನೋಡಿದ. ಆಗಲಿಲ್ಲ. ಎಷ್ಟೊಂದು ಮಂಡಿಗಳು!

"ಯಾವತ್ತು?" ಎಂದು ಕೇಳಿದ, ದೂರು ಬರೆದುಕೊಳ್ಳುವವನಂತೆ.

ಜಿಪ್ಪಕ್ಕನಿಗೆ ನಗು ಒತ್ತರಿಸಿ ಬಂತು. ತಡೆಯಲು ಸೆರಗು ಬಾಯಿಗಿಟ್ಟಳು, ತಡೆಯಲಾಗಲಿಲ್ಲ. ಕುರ್ಚಿ ಅಲುಗುವ ಹಾಗೆ, ಕಣ್ಣಲ್ಲಿ ನೀರು ಬರುವ ಹಾಗೆ ನಕ್ಕಳು.

ಶಾಮಿಯಾನದವರು ಬಂದು ಕುರ್ಚಿಗಳನ್ನು ಒಂದರೊಳಗೊಂದು ಪೇರಿಸತೊಡಗಿದ್ದರು. ನಾಯಕರ ಮಖಮಲ್ಲಿನ ಕುರ್ಚಿ ಆಗಲೇ ಲಾರಿ ಸೇರಿತ್ತು. ಲಾರಿಯಿಂದ ಮೇಸ್ತ್ರಿ ಕೂಗಿದ: "ಸ್ಟೇಜ್ ಮೇಲೆ ಇನ್ನೊಂದು ಕುರ್ಚಿ ಉಳ್ಕೊಂಡಿದ್ಯಲ್ಲೋ!"

ಮೇಲೆ ಬಂದ ಕೂಲಿಯವನು ಕುರ್ಚಿ ನೋಡಿದ, ಚಾಚಿದ ಕಾಲು ನೋಡಿದ.

"ಅದ್ರಲ್ಲಿ ಜನ ಕೂತಿದ್ದಾರೆ ಅಣ್ಣಾ!" ಎಂದು ಕೂಗಿ ಹೇಳಿ, ವೇದಿಕೆಯ ಆ ತುದಿಯಿಂದ ಜಮಖಾನೆ ಸುತ್ತಿಕೊಂಡು ಬಂದ. ಸುರುಳಿ ದಪ್ಪವಾಗುತ್ತಾ ಬಂದು ಸಾಹೇಬನ ಬೂಟಿಗೆ ತಾಗಿತು.

"ಸ್ವಲ್ಪ ಕಾಲೆತ್ತಿ ಸ್ವಾಮಿ."

ಸಾಹೇಬ ಕಾಲೆತ್ತಿದ.