ಮಾತಿಲ್ಲದ ಅಪ್ಪನ ಪಾತ್ರ

ಕ್ಯಾಮರಾದ ಪರದೆಯಲ್ಲಿ ಮೇದಪ್ಪ ಮಾವನ ಕೈ ಮತ್ತೆ ಮೇಲೆದ್ದಿತು, ಹೋ, ಶುರುವಾಯಿತು ಇವರದು, ಅಂದುಕೊಂಡ ಭವಿತ್, ಜೈಲಿನಿಂದ ಬಂದ ಮಗ ಎದುರು ನಿಂತಾಗ ಚಾ ಕುಡಿಯುತ್ತ ಸುಮ್ಮನೆ ಕೂರಬೇಕಾದ ಅಪ್ಪನ ಪಾತ್ರ, ಒಂದು ಶಬ್ದ ಆಡಬಾರದು, ಮಾವನ ಬಾಯಿಂದ ಬಂದೇಬಿಟ್ಟಿತು, ಎಲೈ ಮಗನೇ, ಈ ತಂದೆಯ ಎದೆಯ ಆಳವನ್ನು ನೀನು ಅಳೆದು ನೋಡಿದ್ದುಂಟೇ — ಕಟ್! ಮಾವ, ಮಾತಿಲ್ಲ ಅಂತ ಹೇಳಿದೆನಲ್ಲ. ಮಾತಿಲ್ಲದಿದ್ರೆ ನಾನು ಎಂತಕ್ಕೆ ಮಾರಾಯ, ಗದ್ದೆಯಿಂದ ಒಂದು ಬೆರ್ಚಪ್ಪ ತಂದು ಕೂರಿಸು. ಮಗನ ಪಾತ್ರದ ಮಶೂದ್ ಕಿಸಕ್ಕನೆ ನಕ್ಕ, ನಗು, ನಿನ್ನದೆಂತ ಹೋಗುದು. ಮಾವನದು ಪ್ರಾಯವೆಲ್ಲ ತಾಳಮದ್ದಳೆಯಲ್ಲಿ ಅರ್ಥ ಹೇಳಿದ ಬಾಯಿ, ಭಾಗವತರು ಒಂದು ಪದ ಹಾಡಿದರೆ ಸಾಕು, ಯಾರೂ ಬರೆದುಕೊಡದೆ ಅರ್ಧ ಗಂಟೆ ಮಾತು ಹೊಸೆಯುವ ಬಾಯಿ, ಅದಕ್ಕೆ ಸ್ಕ್ರಿಪ್ಟ್ ಎಂದರೆ ಕಸ, ಥೂ, ಇಂಥವರನ್ನು ಕಟ್ಟಿಕೊಂಡು ಸಿನಿಮಾ. ತೊಮಿಗಾವನಿಗೆ ಇವರು ಸಿಕ್ಕಿದ್ದರೆ ಅವನೂ ಮೀನು ಮಾರಲಿಕ್ಕೆ ಹೋಗುತ್ತಿದ್ದ, ಆ ಜಪಾನಿನ ನಿರ್ದೇಶಕ, ಸ್ಟುಡಿಯೊದಲ್ಲಿ ಮದುವೆ ವಿಡಿಯೊ ಎಡಿಟ್ ಮಾಡುತ್ತ ಭವಿತ್ ಮೊಬೈಲಿನಲ್ಲಿ ಕಂಡುಕೊಂಡವ, ಮೊದಲು ಬರೇ ಬರೆಯುವವ, ಟಿವಿಯವರಿಗೆ ಅತ್ತೆಯ ಅಳು, ಪೊಲೀಸಿನ ಪೌರುಷ ಬರೆದುಕೊಟ್ಟು, ಅದನ್ನು ಬೇರೆಯವರು ಕೆಡಿಸುವುದನ್ನು ನೋಡಿ ನೋಡಿ, ತಲೆ ನರೆಯುವ ಹೊತ್ತಿಗೆ ತಾನೇ ನಿರ್ದೇಶನಕ್ಕಿಳಿದ, ಮೊದಲ ಸಿನಿಮಾಕ್ಕೆ ಜನ ಇಲ್ಲ, ಪುನಃ ಟಿವಿಗೆ ಬರೆದ, ಎರಡನೆಯದರಲ್ಲಿ ಒಬ್ಬ ಮುದುಕ ಮಗನೆದುರು ಚಾ ಕುಡಿಯುತ್ತಾನೆ, ಅಷ್ಟೇ, ಲೋಕವೇ ಎದ್ದು ಚಪ್ಪಾಳೆ ಹೊಡೆಯಿತು. ಬರೆದದ್ದನ್ನು ಅಳಿಸಲಿಕ್ಕೆ ಕಲಿತೆ ಎಂದನಂತೆ ಸಂದರ್ಶನದಲ್ಲಿ, ದೊಡ್ಡ ಜನ, ಅಳಿಸಲಿಕ್ಕಂತೆ, ಇಲ್ಲಿ ಬರೆಯಲಿಕ್ಕೇ ಬಿಡುವುದಿಲ್ಲ, ಒಂಬತ್ತನೇ ಕ್ಲಾಸಿಗೆ ಶಾಲೆ ಬಿಟ್ಟವ ನೀನು ಎಂತ ಬರೆಯುದು ಅಂತ ಸ್ಟುಡಿಯೊದ ಧಣಿ ತೀರ್ಥರಾಮಣ್ಣ, ಮದುಮಕ್ಕಳ ತಲೆಯ ಮೇಲೆ ಡ್ರೋನ್ ಸುತ್ತಿಸುವುದೇ ಕಲೆ ಅಂದುಕೊಂಡ ಮಹಾನುಭಾವ, ಕ್ಯಾಮರಾ ಕೊಡುವಾಗಲೇ ಹೇಳಿದ್ದ, ಇದು ಕತ್ತಲಾಗುವ ಮೊದಲು ಸವಣೂರಿನ ಸ್ಟುಡಿಯೊಕ್ಕೆ ಮುಟ್ಟಬೇಕು, ನಾಳೆ ಈಶ್ವರಮಂಗಲದಲ್ಲಿ ಮದುವೆ ಉಂಟು, ಇನ್ನೊಮ್ಮೆ ಕೇಳಿಕೊಂಡು ಬರಬೇಡ. ಈ ಒಂದು ಶಾಟ್ ಸಿಗದಿದ್ದರೆ ಸಿನಿಮಾವೇ ಇಲ್ಲ, ಕೊಯಿಲದ ಗುಡ್ಡದ ಮೇಲೆ ಬಿಸಿಲು ಆಗಲೇ ಹಳದಿ, ಮಶೂದ್, ಬಾ, ನಿಲ್ಲು — ಮಾವ ಲೋಟ ಎತ್ತಿದ, ಚಂದ, ಚಂದ, ಕುಡಿ, ಕುಡಿದು ಸಾಯಿ, ಇಲ್ಲ, ಗಂಟಲು ಸರಿಮಾಡಿಕೊಳ್ಳುತ್ತಿದ್ದಾನೆ, ಎಲೈ ಮಗನೇ —

ಮಾವ, ನಿಮ್ಮನ್ನು ಈಗ ಒಂದು ತಾಳಮದ್ದಳೆ ಕೂಟಕ್ಕೂ ಯಾಕೆ ಕರೆಯುದಿಲ್ಲ ಗೊತ್ತುಂಟಾ? ನಿಮ್ಮ ಮಾತು ಯಾರಿಗೂ ಬೇಡ. ಯಾರಿಗೂ. ಹೇಳಿದ್ದು ತಾನೇ, ಭವಿತನೇ, ಕಟ್ ಮಾತ್ರ ಹೇಳಿಲ್ಲ, ಕ್ಯಾಮರಾ ಓಡುತ್ತಿದೆ, ಮಾವನ ಕೈಯಲ್ಲಿ ಲೋಟ ಹಾಗೇ ನಿಂತಿತು, ಕಣ್ಣು ಮಶೂದನ ಮೇಲೆ, ಒಂದು ಶಬ್ದ ಇಲ್ಲ, ಇದೇ, ಇದೇ ಬೇಕಾದ್ದು, ತೊಮಿಗಾವನ ಮುದುಕನಿಗೂ ಬಾರದ್ದು, ಬೆಳಕು ಸರಿ, ಫೋಕಸ್ ಸರಿ, ಮಶೂದ್ ಈಗ ನಗುತ್ತಿಲ್ಲ, ಸಿಕ್ಕಿತಲ್ಲ, ಕಟ್ ಹೇಳಬೇಕು, ಮಾವನ ಕೆಳತುಟಿ, ಎಲೆಯಡಿಕೆಯ ಕೆಂಪು ಹತ್ತಿದ ಕೆಳತುಟಿ, ಹಲ್ಲಿನಡಿಗೆ ಹೋಯಿತು, ಜಾರಿ ಹೊರಬಂತು, ಭವಿತನ ಬೆರಳು ತಾನಾಗಿ ಜೂಮ್ ಒತ್ತಿತು, ಥೂ, ಕಟ್ ಹೇಳು, ಪರದೆ ತುಂಬ ತುಟಿ, ಹೇಳು, ನಡುಗುವ ಆ ಕೆಳತುಟಿ, ಹೇಳು, ಕೆಳತುಟಿ —