ಬೇಲಿಯಾಚೆಯ ಕಥೆ

ವ್ಯಾಪಾರಿಯನ್ನು ಊರವರು ಕತ್ತು ಹಿಡಿದು ಆಚೆ ದಬ್ಬಿದ್ದೇ ತಡ, ಗರಾಜಿನಲ್ಲಿ ಕೂತಿದ್ದವರೆಲ್ಲ ಚಪ್ಪಾಳೆ ಹೊಡೆದರು. ಅಮೆರಿಕದ ಫ್ರೀಮಾಂಟಿನ ಕನ್ನಡ ಕೂಟದ ೧೯೮೫ರ ರಾಜ್ಯೋತ್ಸವಕ್ಕೆ ಶ್ರೀಕಂಠ ಬರೆದ ನಾಟಕದ ತಾಲೀಮು ಅದು. ಪ್ರದರ್ಶನಕ್ಕೆ ಆರೇ ದಿನ. ಮೂರು ತಿಂಗಳು ಆಫೀಸಿನಿಂದ ಬಂದು ಬಂದು ಬರೆದದ್ದು ಕೊನೆಗೂ ಜೀವ ತಳೆದಿದೆ ಎಂದು ಅವನ ಎದೆ ಉಬ್ಬಿತು.

ಕಥೆ ಮಾತ್ರ ಅವನದಲ್ಲ. ಮೈಸೂರಿನ ಅಗ್ರಹಾರದಲ್ಲಿ ಬೆಳೆದವನಿಗೆ ರಾಗಿ ಪೈರು ಕಂಡದ್ದೇ ಬಸ್ಸಿನ ಕಿಟಕಿಯಿಂದ. ಹಳ್ಳಿ, ಸುಗ್ಗಿ, ಎಲ್ಲಿಂದಲೋ ಬಂದು ನೆಲ ಕಬಳಿಸುವ ವ್ಯಾಪಾರಿ, ಎಲ್ಲವನ್ನೂ ಪಕ್ಕದ ಮನೆಯ ಜರ್ಮನ್ ಮುದುಕ ವಾಲ್ಟರ್ ಬೇಲಿಯಾಚೆ ನಿಂತು ಹೇಳಿದ್ದ. ಅವರೂರಿನ ಜಾನಪದವಿರಬೇಕು ಅಂದುಕೊಂಡ ಶ್ರೀಕಂಠ ಗೋಧಿ ಇದ್ದಲ್ಲಿ ರಾಗಿ ಹಾಕಿ ಮುಗಿಸಿದ್ದ.

ಹಿಂದಿನ ಕುರ್ಚಿಯಲ್ಲಿದ್ದ ವಾಲ್ಟರ್ ಕಣ್ಣೊರೆಸಿಕೊಂಡ. "ಬರ್ಲಿನ್ನಿನಲ್ಲೂ ಸರಿಯಾಗಿ ಇದೇ ದೃಶ್ಯಕ್ಕೆ ಚಪ್ಪಾಳೆ ಬಿದ್ದಿತ್ತು. ಮೂವತ್ತೆಂಟರಲ್ಲಿ."

"ಬರ್ಲಿನ್ನಿನಲ್ಲಿ?"

"ಸಿನಿಮಾ. ನಿನಗೆ ಹೇಳಿದ್ದು ಅದರದೇ ಕಥೆ. ನಾವು ಮೂವರು ಬರೆದೆವು, ಒಬ್ಬನೂ ಹಳ್ಳಿ ಕಂಡವನಲ್ಲ. ನಾಜಿ ಸರ್ಕಾರದ ಪ್ರಚಾರ ಖಾತೆಯವರು ಓದಿ, ಹೊರದಬ್ಬುವ ದೃಶ್ಯವನ್ನು ಇನ್ನಷ್ಟು ಉದ್ದ ಮಾಡಿ ಅಂದರು. ನಮ್ಮ ವ್ಯಾಪಾರಿ ಯಹೂದಿ."

ಶ್ರೀಕಂಠ ಕೇಳಿದ, "ನಿಜವಾದ ವ್ಯಾಪಾರಿಗಳು ಆಮೇಲೆ ಏನಾದರು?"

ಮುದುಕ ತನ್ನ ಅಂಗೈ ನೋಡಿಕೊಂಡ. "ಚಿತ್ರ ಸುಗ್ಗಿ ಹಾಡಿನಲ್ಲಿ ಮುಗಿಯುತ್ತಿತ್ತು."

ಶ್ರೀಕಂಠನಿಗೆ ಸಿಟ್ಟು ಬರಬೇಕಿತ್ತು. ಬಂದದ್ದು ಬರೀ ಗಲಿಬಿಲಿ. ತಾನು ಬರೆದದ್ದರಲ್ಲಿ ಯಹೂದಿ ಇಲ್ಲ, ನಾಜಿ ಇಲ್ಲ. ಆದರೂ ಚಪ್ಪಾಳೆ ಅದೇ ಜಾಗದಲ್ಲಿ ಬಿತ್ತಲ್ಲ! ಎದ್ದು ನಟರ ಬಳಿ ಹೋಗಿ, "ಈ ಸೀನು ತೆಗೆದುಬಿಡೋಣ" ಅಂದ.

ಗೌಡನ ಪಾತ್ರದ ಚೆಲುವರಾಜು ಹೌಹಾರಿದ. "ಏನ್ ಸಾರ್ ನೀವು! ಅದನ್ನ ತೆಗುದ್ರೆ ನಾಟಕದಲ್ಲಿ ಇನ್ನೇನ್ ಉಳೀತದೆ?"

ಶ್ರೀಕಂಠ ಸ್ಕ್ರಿಪ್ಟು ತಿರುವಿದ. ಏನೂ ಉಳಿಯುತ್ತಿರಲಿಲ್ಲ. ಪ್ರತಿ ಮಾತೂ ವ್ಯಾಪಾರಿಯನ್ನು ದಬ್ಬುವ ಆ ಬಾಗಿಲಿನತ್ತಲೇ ನಡೆದಿತ್ತು.

ಮಗನ ಮನೆಗೆಂದು ಮಂಡ್ಯದ ಕಡೆಯಿಂದ ಬಂದಿದ್ದ ನಂಜಮ್ಮ, ಚೆಲುವರಾಜುವಿನ ತಾಯಿ, ಮೂಲೆಯಿಂದ ಕೇಳಿದಳು: "ಅಲ್ಲ ಕಣಪ್ಪ, ಆವಯ್ಯ ಮಾಡಿದ್ ತಪ್ಪಾದ್ರೂ ಏನು? ಒಂದ್ಸಲನೂ ಅವನ್ ಬಾಯಲ್ಲಿ ಮಾತೇ ಆಡಿಸ್ನಿಲ್ವಲ್ಲ ನೀನು!"

ಯಾರೋ ನಕ್ಕರು. ಶ್ರೀಕಂಠನಿಗೆ ನಗು ಬರಲಿಲ್ಲ. ಹೌದು, ವ್ಯಾಪಾರಿಗೆ ಒಂದು ಮಾತನ್ನೂ ಬರೆದಿರಲಿಲ್ಲ; ಅದು ಬೇಕೆಂದು ಹೊಳೆದೂ ಇರಲಿಲ್ಲ.

ಹೊರಗೆ, ಕಚ್ಚೆಪಂಚೆಯುಟ್ಟು ರುಮಾಲು ಸುತ್ತಿ ವ್ಯಾಪಾರಿಯಾಗಿದ್ದ ನಂಜುಂಡಸ್ವಾಮಿ ಗರಾಜಿನ ಮುಂದಿನ ಡ್ರೈವ್‌ವೇಯಲ್ಲಿ ಗಂಟು ಹಿಡಿದು ನಿಂತಿದ್ದ. ರಸ್ತೆಯಲ್ಲಿ ಹೋಗುತ್ತಿದ್ದ ಕಾರೊಂದು ನಿಧಾನವಾಯಿತು. ಗಾಜು ಇಳಿಸಿ ಬಿಳಿಯನೊಬ್ಬ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದ.

"ಸಾರ್, ನಾನು ಒಳಗೆ ಬರ್ಲಾ? ಇಲ್ಲೇ ಇರ್ಬೇಕಾ?" ನಂಜುಂಡಸ್ವಾಮಿ ಕೂಗಿದ.

ಶ್ರೀಕಂಠ ಪೆನ್ನು ಹಿಡಿದೇ ಆಚೆ ಹೋಗಿ ಅವನ ಪಕ್ಕದಲ್ಲಿ ನಿಂತ. ಕಾರಿನವನು ಈಗ ಇಬ್ಬರನ್ನೂ ನೋಡತೊಡಗಿದ.